ಮುನಿಗಂಗಮ್ಮನ ತಟ್ಟೆಯ ಕಪ್ಪು

ಮುಚ್ಚಿಹೋದ ಚಿನ್ನದ ಗಣಿಯ ಪಕ್ಕದ ಆಂಡರ್ಸನ್‌ಪೇಟೆಯಲ್ಲಿ ಮೆಸ್ ನಡೆಸುವ ಮುನಿಗಂಗಮ್ಮ ಗಿರಾಕಿಯ ಹಸಿವು ಕೇಳುವವಳಲ್ಲ, ಮುಖ ನೋಡುವವಳು. ಸಿಟ್ಟಿನಲ್ಲಿ ಬಂದವನಿಗೆ ಕೆಂಪು ಖಾರದ ಸಾರು ಬಂದ್. "ನಿಂಗೆ ಈಗ್ಲೇ ಉರೀತಾ ಐತೆ, ಹಸ್ರು ತಿನ್ನು" ಎಂದು ಮಸ್ಸೊಪ್ಪು ಸುರಿಯುತ್ತಾಳೆ. ಸಪ್ಪಗಿದ್ದವರಿಗೆ ಹಳದಿ ಚಿತ್ರಾನ್ನ, ನಿಂಬೆಹುಳಿ ಒಂದಿಷ್ಟು ಹೆಚ್ಚಾಗಿ. ಹೊಟ್ಟೆಕಿಚ್ಚಿನವರಿಗೆ ತಣ್ಣನೆಯ ಬಿಳಿ ಮೊಸರನ್ನ. ಮದುವೆ ಗೊತ್ತಾದ ಹುಡುಗಿಗೆ ಬೀಟ್‌ರೂಟ್ ಪಲ್ಯ ಬಡಿಸಿದರೆ, ನಾಲಿಗೆ ಕೆಂಪಾಗಿದೆಯೇ ಎಂದು ನೋಡಿಯೇ ಕಳಿಸುವುದು. ಪೊಲೀಸಿನವರೂ ತಕರಾರಿಲ್ಲದೆ ಕೊಟ್ಟ ಬಣ್ಣ ಉಣ್ಣುತ್ತಾರೆ. ಕಾರ್ಖಾನೆಯಿಂದ ದಿನಾ ಊಟಕ್ಕೆ ಬರುವ ವನಿತಾಗೆ ಮಾತ್ರ ಒಂದು ಕುತೂಹಲ. ಯಾರಿಗೂ ಬಡಿಸದ ಕಪ್ಪು ಹುಚ್ಚೆಳ್ಳು ಚಟ್ನಿ ಮುನಿಗಂಗಮ್ಮನ ತಟ್ಟೆಯಲ್ಲಷ್ಟೇ ಇರುತ್ತದೆ, ಅದೂ ತರಕಾರಿಗೆಂದು ಬಂಗಾರಪೇಟೆಗೆ ಹೋದ ಗಂಡ ಸೀನಪ್ಪ ಬರುವುದು ತಡವಾದ ದಿನ. ಇವತ್ತು ಕೇಳಿಯೇಬಿಟ್ಟಳು: "ಕಪ್ಪು ಯಾತಕ್ಕಕ್ಕಾ?" "ಧೈರ್ಯಕ್ಕೆ ಕಣಮ್ಮ." "ಓ, ಸೀನಪ್ಪಣ್ಣ ಚಿನ್ನದ ಗಣಿಗೆ ಇಳೀತಿದ್ದಾಗ ಇದನ್ನೇ ಕಟ್ಟಿ ಕೊಡ್ತಿದ್ರಾ?" ಮುನಿಗಂಗಮ್ಮ ಬಾಗಿಲ ಕಡೆ ನೋಡುತ್ತಲೇ ಬೆರಳಿನ ಚಟ್ನಿ ನೆಕ್ಕಿದಳು. "ಅವ್ರಿಗ್ಯಾಕಮ್ಮ? ಅವ್ರು ಇಳ್ದು ಓಗ್ಬಿಡ್ತಿದ್ರು. ಮೇಲೆ ಕುಂತು ಕಾಯೋಳಿಗೆ ಬೇಕಿತ್ತು."