ಹರಿದ ಪುಟಗಳಿಗೆ ನಾನು ಕಟ್ಟಿದ ಕೊನೆ

"ಕೊನೆಗೆ ಅವಳು ಗಂಡನ ಮನೆಗೆ ಮರಳಿ ದೀಪ ಹಚ್ಚಿದಳು." ಈ ಸಾಲು ನಾನು ಚಿಕ್ಕಂದಿನಲ್ಲಿ ಓದಿದ ಒಂದು ಹಳೆಯ ಕಾದಂಬರಿಯದೋ, ನನ್ನದೋ? ಸ್ನೇಹಿತರೇ, ಇವತ್ತು ಗೊತ್ತಾಯಿತು. ನನ್ನದೇ.

ಲೇಖಕರು ತೀರಿಕೊಂಡು ಅರವತ್ತು ವರ್ಷ ದಾಟಿದೆ, ಹಕ್ಕುಸ್ವಾಮ್ಯ ಮುಗಿದಿದೆ. ಹಾಗಾಗಿ ಇಡೀ ಪುಸ್ತಕ ಅಂತರ್ಜಾಲದಲ್ಲಿ ಉಚಿತವಾಗಿ, ಕಾನೂನಿನ ಪ್ರಕಾರವೇ ಸಿಗುತ್ತದೆ. ಬೆಳಿಗ್ಗೆ ಕೊನೆಯ ಪುಟ ತೆರೆದರೆ ನಾಯಕಿ ಗಂಡನ ಮನೆಗೆ ಮರಳುವುದೇ ಇಲ್ಲ, ಶಾಲೆ ತೆರೆಯುತ್ತಾಳೆ!

ಆಗ ಎಲ್ಲ ನೆನಪಾಯಿತು. ಎಂಬತ್ತರ ದಶಕದಲ್ಲಿ ಮಧುಗಿರಿಯ ಲೈಬ್ರರಿಯಿಂದ ತಂದ ಪ್ರತಿಯಲ್ಲಿ ಕೊನೆಯ ಪುಟಗಳು ಹರಿದಿದ್ದವು. ನಮ್ಮ ಜಗಲಿಯಲ್ಲಿ ಹುಣಸೆಹಣ್ಣು ಕುಟ್ಟಿ ಬೀಜ ತೆಗೆಯುತ್ತಿದ್ದ ಹೆಂಗಸರಿಗೆ ನಾನು ಅದನ್ನು ದಿನಾ ಓದಿ ಹೇಳುತ್ತಿದ್ದೆ. "ಆಮೇಲೇನಾಯ್ತು, ಓದೇ!" ಎಂದಳು ಪಕ್ಕದ ಮನೆಯ ಗಂಗಕ್ಕ. ಗಂಡನ ಮನೆ ಬಿಟ್ಟು ತವರಿಗೆ ಬಂದು ಆರು ತಿಂಗಳಾಗಿತ್ತು ಅವಳಿಗೆ. ಪುಟವಿಲ್ಲ ಎನ್ನಲು ಹತ್ತು ವರ್ಷದ ನನಗೆ ಅವಮಾನ. ಪುಸ್ತಕ ನೋಡುತ್ತಲೇ ಆ ಸಾಲು ಕಟ್ಟಿ ಓದಿದೆ. ಮುಂದಿನ ವಾರವೇ ಗಂಗಕ್ಕ ತೋವಿನಕೆರೆಗೆ, ಗಂಡನ ಬಳಿಗೆ ಹೊರಟುಹೋದಳು.

ಎಂ.ಎ. ಮುಗಿಸಿದ ಮೇಲೆ ಸಾಹಿತ್ಯದ ಶಕ್ತಿಗೆ ಇದೇ ಉದಾಹರಣೆ ಎಂದು ಎಷ್ಟು ಕಡೆ ಭಾಷಣ ಬಿಗಿದಿದ್ದೇನೋ! ಇವತ್ತು ನೋಡಿದರೆ ಅದು ನಾನೇ ಕಟ್ಟಿದ ಸಾಲು. ನನ್ನ ಸುಳ್ಳು ನಂಬಿ ಒಬ್ಬಳು ಬಾಳನ್ನೇ ಬದಲಿಸಿಕೊಂಡಳಲ್ಲ?

ಗಂಡ ತೀರಿಕೊಂಡ ಮೇಲೆ ಗಂಗಕ್ಕ ಈಗ ಮತ್ತೆ ನಮ್ಮ ಪಕ್ಕದಲ್ಲೇ ಇದ್ದಾಳೆ. ಅವಳ ಬಾಗಿಲಿಗೆ ಹೋಗಿ ತಪ್ಪೊಪ್ಪಿಕೊಂಡೆ. ಅವಳು ಬಾಯಿಗೆ ಸೆರಗು ಹಿಡಿದು ನಕ್ಕಳು.

"ಅಯ್ಯೋ, ನಿನ್ ಪುಸ್ತಕ ಕೇಳ್ಕಂಡು ಯಾರಮ್ಮ ಹೋದ್ರು? ನಮ್ಮತ್ತೆ ಸತ್ತೋದ್ಲು ಅಂತ ಸುದ್ದಿ ಬಂತು, ಹೊರಟ್ಬುಟ್ಟೆ ಕಣಮ್ಮ."