ಗಣಪತಿಯ ಹಿಂದಿನ ಹಲಗೆಗಳು

ಮಾವಿಸ್ ಆಂಟಿ, ನಿಮ್ಮ ಚಿತ್ರಗಳನ್ನು ಗೆದ್ದಲು ತಿನ್ನಲಿಲ್ಲ. ನಾನೇ ಗರಗಸದಿಂದ ಕೊಯ್ದೆ, ಬಿಳಿ ಬಣ್ಣ ಬಳಿದೆ, ನಮ್ಮ ಕನ್ನಡ ಸಂಘದ ಗಣಪತಿಯ ಹಿಂದೆ ನಿಲ್ಲಿಸಿದೆ. ಇದನ್ನು ನೀವು ತೀರಿಕೊಂಡ ಮೇಲೆ, ಅದೂ ನಿಮಗೆ ಓದಲು ಬಾರದ ಭಾಷೆಯಲ್ಲಿ ಹೇಳುತ್ತಿದ್ದೇನೆ — ನನ್ನ ಧೈರ್ಯ ಇಷ್ಟೇ.

ಪರ್ತ್‌ನ ಸದರ್ನ್ ರಿವರ್ ಬಡಾವಣೆಯಲ್ಲಿ ನಮ್ಮ ಬೇಲಿಯಾಚೆ ನಿಮ್ಮ ಮನೆ. ದೂರದ ಗಣಿಯಲ್ಲಿ ವಾರಗಟ್ಟಲೆಯ ಪಾಳಿ ಮುಗಿಸಿ, ವಿಮಾನ ಹತ್ತಿ ಮರಳಿದ ದಿನ ನನಗೆ ನಿಮ್ಮಲ್ಲೇ ಚಹಾ. ಲಂಡನ್ನಿನ ಚಿತ್ರಕಲಾ ಶಾಲೆಯಲ್ಲಿ ಕಲಿತವರು ನೀವು. ಗಂಡನೂ ಚಿತ್ರಕಾರ. ಬೆಳಕಿದ್ದ ಕೋಣೆ ಅವರಿಗೆ, ನಿಮಗೆ ಅಡುಗೆಮನೆಯ ಮೇಜು — ಅದೂ ಪಾತ್ರೆ ತೊಳೆದಾದ ಮೇಲೆ. ಪ್ರದರ್ಶನಗಳಲ್ಲಿ ನಿಮ್ಮನ್ನು 'ಇವರ ಹೆಂಡತಿ' ಎಂದೇ ಪರಿಚಯಿಸುತ್ತಿದ್ದರಂತೆ. ಅಟ್ಟಕ್ಕೆ ಹಾಕಿದ್ದ ನಿಮ್ಮ ಚಿತ್ರಗಳನ್ನು ಅಲ್ಲಿನ ತೇವ ಹಾಳುಮಾಡಿತು. ಅವರು ತೀರಿಕೊಂಡ ಮೇಲೆ ಮಗಳ ಹಿಂದೆ ಇಲ್ಲಿಗೆ ಬಂದಿರಿ. ಮಗಳು ಬ್ರಿಸ್ಬೇನಿಗೆ ಹೋದರೂ ನೀವು ಇಲ್ಲೇ ಉಳಿದು, ಹಿತ್ತಲ ಶೆಡ್ಡಿನಲ್ಲಿ, ಹಲಗೆಗಳ ಮೇಲೆ ನದಿಯಂಚಿನ ಮರಗಳನ್ನು ಬರೆಯುತ್ತಾ ಹೋದಿರಿ. "ನನ್ನದು ಅನ್ನೋದು ಈಗಷ್ಟೇ ಶುರುವಾಗಿದೆ, ಸುಮಾ" ಎಂದಿದ್ದಿರಿ.

ಮಗಳನ್ನು ನೋಡಲು ಹೋದವರು ಅಲ್ಲಿ ಜಾರಿ ಬಿದ್ದು, ಸೊಂಟ ಮುರಿದುಕೊಂಡು, ಬ್ರಿಸ್ಬೇನಿನಲ್ಲೇ ಉಳಿಯಬೇಕಾಯಿತು. ಗಿಡಗಳಿಗೆ ನೀರು ಹಾಕಲೆಂದು ಕೊಟ್ಟಿದ್ದ ಕೀಲಿ ನನ್ನ ಬಳಿಯೇ ಇತ್ತು.

ಆ ವರ್ಷ ಗಣೇಶನ ಮಂಟಪದ ಹೊಣೆ ನನ್ನದು. ಹಬ್ಬದ ಹಿಂದಿನ ಸಂಜೆ ಗಣಿಯಿಂದ ವಿಮಾನ ತಡವಾಗಿ ಬಂತು, ಪ್ಲೈವುಡ್ ಅಂಗಡಿ ಮುಚ್ಚಿತ್ತು. ಸಂಘದ ಕಾರ್ಯದರ್ಶಿ ಫೋನಿನಲ್ಲಿ, "ಏನ್ರೀ ಸುಮಾ, ಬ್ಯಾಕ್‌ಡ್ರಾಪ್ ಆಗುತ್ತೋ ಇಲ್ವೋ? ಈ ಸಲ ಬೆಡ್‌ಶೀಟ್ ಕಟ್ಬಿಡೋಣ್ವಾ?" ಎಂದು ನಕ್ಕರು. ಆ ನಗು ಚುಚ್ಚಿತು. ನಿಮ್ಮ ಶೆಡ್ಡಿನ ಬಾಗಿಲು ತೆಗೆದೆ.

ಹಲಗೆಗಳು ಖಾಲಿ ಇವೆ ಎಂದುಕೊಂಡೆ ಅನ್ನಬಹುದಿತ್ತು — ಇಲ್ಲ, ನೋಡಿದೆ. ಬಿಳಿ ತೊಗಟೆಯ ಮರಗಳು, ನಡುವೆ ಆ ನೀಲಿ... ಒಂದು ಕ್ಷಣ ಕೈ ತಡೆಯಿತು. ಆಮೇಲೆ ಅನಿಸಿತು — ವಯಸ್ಸಾದವರು, ಹೊತ್ತು ಹೋಗದೆ ಬರೆದದ್ದು, ಇನ್ನು ಇಲ್ಲಿಗೆ ಬರುತ್ತಾರೋ ಇಲ್ಲವೋ. ಲಂಡನ್ನಿನಲ್ಲಿ ನಿಮ್ಮ ಗಂಡನ ಸ್ನೇಹಿತರೂ ಹೀಗೇ ಅಂದುಕೊಂಡಿರಬೇಕು.

ಮಂಟಪ ಚೆಂದ ಬಂತು. ಎಲ್ಲರೂ ಬೆನ್ನು ತಟ್ಟಿದರು. ಮಂಗಳಾರತಿಯ ಹೊತ್ತಿನಲ್ಲಿ, ಅವಸರದಲ್ಲಿ ತೆಳ್ಳಗೆ ಬಳಿದಿದ್ದ ಕಡೆ, ಗಣಪತಿಯ ಕಿವಿಯ ಪಕ್ಕ ನಿಮ್ಮ ನೀಲಿ ಇಣುಕಿತು. ಸಭಾಂಗಣದ ತುಂಬ ಜನ ನಿಮ್ಮ ಚಿತ್ರಗಳ ಎದುರು ಕೈಮುಗಿದು ನಿಂತಿದ್ದರು. ನನ್ನನ್ನು ಬಿಟ್ಟು ಯಾರಿಗೂ ಅದು ಕಾಣಲಿಲ್ಲ. ವಿಸರ್ಜನೆಯ ಮರುದಿನ ಹಲಗೆಗಳನ್ನು ನಾನೇ ಕಸಕ್ಕೆ ಹಾಕಿ ಬಂದೆ.

ನೀವು ಫೋನ್ ಮಾಡಿ ಚಿತ್ರಗಳನ್ನು ಬ್ರಿಸ್ಬೇನಿಗೆ ಕಳಿಸಲು ಹೇಳಿದಾಗ, "ಗೆದ್ದಲು ಹಿಡಿದಿತ್ತು ಆಂಟಿ, ಎಸೀಬೇಕಾಯ್ತು" ಎಂದೆ. "ಅಲ್ಲಿ ತೇವ, ಇಲ್ಲಿ ಗೆದ್ದಲು. ಬಿಡು, ನಿಂದೇನು ತಪ್ಪು" ಎಂದು ನನ್ನನ್ನೇ ಸಮಾಧಾನ ಮಾಡಿದಿರಿ. ಆಮೇಲೆ ಸಾಯುವವರೆಗೂ ನೀವು ಕುಂಚ ಮುಟ್ಟಲಿಲ್ಲವೆಂದು ನಿಮ್ಮ ಮಗಳು ಹೇಳಿದರು.

ಕಳೆದ ವಾರ ಅವರು ಮತ್ತೆ ಕರೆ ಮಾಡಿದ್ದರು. ಅಡಿಲೇಡಿನಲ್ಲಿ ಯಾರೋ, ಲೋಕ ಮರೆತ ಕಲಾವಿದೆಯರ ಪ್ರದರ್ಶನ ಮಾಡುತ್ತಿದ್ದಾರಂತೆ, ನಿಮ್ಮ ಹೆಸರೂ ಕೇಳಿದ್ದಾರಂತೆ. "ಅಮ್ಮನ ಕೊನೇ ಚಿತ್ರಗಳದ್ದು ಒಂದು ಫೋಟೋನಾದ್ರೂ ಇದೆಯಾ ನಿಮ್ಮ ಹತ್ರ?"

ಇದೆ. ರೇಷ್ಮೆ ಸೀರೆ ಉಟ್ಟು ಗಣಪತಿಯ ಪಕ್ಕ ನಾನು ನಗುತ್ತಾ ನಿಂತಿದ್ದೇನೆ; ಹಿಂದೆ ಬೆರಳಗಲ ನೀಲಿ. ಇಂದು ಬೆಳಿಗ್ಗೆ, ನಡೆದದ್ದನ್ನೆಲ್ಲ ಬರೆದು, ಆ ಫೋಟೋದ ಜೊತೆ ಅವರಿಗೆ ಕಳಿಸಿದೆ. ಉತ್ತರ ಬಂದಿಲ್ಲ. ಬರಲಿ ಎಂದು ಕೇಳುವ ಮುಖವೂ ನನಗಿಲ್ಲ.

ನಿಮ್ಮದೆಂದು ಈ ಲೋಕದಲ್ಲಿ ಉಳಿದಿರುವುದು ಅಷ್ಟೇ, ಆಂಟಿ — ನಾನು ಸರಿಯಾಗಿ ಬಳಿಯದೆ ಬಿಟ್ಟಷ್ಟು.