ಟೂ ಎಬಿ ಯೋಗಾನಂದ

ಬೆರ್ರಿಯೆಸಾದ ಯೋಗಾನಂದರ ಮನೆಗೆ ಹೋದವರಿಗೆ ನೀರಿಗಿಂತ ಮೊದಲು ಪ್ರಶ್ನೆ ಸಿಗುತ್ತದೆ: "ನಿಮ್ಮ ಹುಡುಗಂಗೆ ಆಲ್ಜೀಬ್ರಾ ಶುರುವಾಯ್ತಾ? ಇನ್ನೂ ಇಲ್ವಾ? ಕೆಟ್ರಿ ಬಿಡಿ!" ಎ ಪ್ಲಸ್ ಬಿ ಹೋಲ್ ಸ್ಕ್ವೇರ್ ಅಂದರೆ ಎ ಸ್ಕ್ವೇರ್ ಪ್ಲಸ್ ಬಿ ಸ್ಕ್ವೇರ್ ಎಂದು ಯಾರಾದರೂ ಬಾಯಿತಪ್ಪಿ ಅಂದರೋ, ಮುಗಿಯಿತು: "ನಡುವಿನ ಟೂ ಎಬಿ ಎಲ್ರೀ, ನಾಯಿ ತಿಂತಾ?" ಫ್ರೀವೇಯಲ್ಲಿ ಅಡ್ಡ ನುಗ್ಗಿದ ಕಾರಿನವನಿಗೂ ಅದೇ ಬೈಗುಳ: "ಟೂ ಎಬಿ ಬಿಟ್ಟು ಪಾಸಾದ ಮುಂಡೇದು!" ವಾರವಿಡೀ ಮೀಟಿಂಗಿನಲ್ಲಿ ಮುಳುಗಿರುವ ಅವರು ಮಗಳು ಬಿಂದುಶ್ರೀಯ ಜೊತೆ ಕೂರುವುದು ಶನಿವಾರದ ಪಾಠಕ್ಕೆ ಮಾತ್ರ. ಚೌಕ ತಟ್ಟೆಯ ಮೈಸೂರುಪಾಕಿಗೆ ಅಂಚಿನ ಹತ್ತಿರ ಉದ್ದಕ್ಕೊಂದು, ಅಡ್ಡಕ್ಕೊಂದು ಗೀರು. ದೊಡ್ಡ ಚೌಕ ಎ ಸ್ಕ್ವೇರ್, ಪುಟ್ಟದು ಬಿ ಸ್ಕ್ವೇರ್, ಉಳಿದೆರಡು ಉದ್ದ ತುಂಡು ಟೂ ಎಬಿ, ಅಪ್ಪನಿಗೊಂದು, ಮಗಳಿಗೊಂದು. ಆದರೂ ಅವಳು ಪ್ರತಿ ವಾರ ಮರೆಯುತ್ತಾಳೆ. ಮೊನ್ನೆ ಅವಳು ಗೆಳತಿಗೆ ಫೋನಿನಲ್ಲಿ ಹೇಳಿಕೊಡುತ್ತಿದ್ದುದು ಅವರ ಕಿವಿಗೆ ಬಿತ್ತು: "ಡೋಂಟ್ ಫರ್ಗೆಟ್ ಟೂ ಎಬಿ, ಓಕೆ?" ಶನಿವಾರ ಮತ್ತೆ ಅದೇ ಹುಡುಗಿ, "ಎ ಸ್ಕ್ವೇರ್ ಪ್ಲಸ್ ಬಿ ಸ್ಕ್ವೇರ್, ಅಪ್ಪಾ," ಅಂದಳು. ಯೋಗಾನಂದರು ಎಂದಿನಂತೆ ಮನೆ ಹಾರಿಹೋಗುವ ಹಾಗೆ ಕೂಗಾಡಿದರು. ಆಮೇಲೆ ಚಾಕು ತಂದು, ಟೂ ಎಬಿ ಕೊಂಚ ಅಗಲವಾಗಿಯೇ ಬರುವಂತೆ ಕೊಯ್ದರು.